ಒಂಟಿ ದ್ವೀಪದ ನಾವಿಕ ಅಲೆಕ್ಸಾಂಡರ್ ಸೆಲ್ಕರ್ಕ್

 

ಈ ತಿಂಗಳ ಗೋಡೆ ಪತ್ರಿಕೆಗೆ ಒಬ್ಬೊಬ್ಬರೂ ಒಬ್ಬ ಪ್ರಸಿದ್ಧ ವ್ಯಕ್ತಿಯ ಜೀವನ ಚರಿತ್ರೆ ಬರೆಯಬೇಕು ಅಂತ ನಮ್ಮ ಕನ್ನಡ ಮೇಷ್ಟ್ರು ಹೇಳಿದರು. ಎಲ್ಲರೂ ಕೈ ಎತ್ತಿ ಗಾಂಧೀಜಿ, ವಿವೇಕಾನಂದ, ಕಿತ್ತೂರು ಚೆನ್ನಮ್ಮ, ವಿಶ್ವೇಶ್ವರಯ್ಯ ಅಂತ ಹೇಳಿದರು. ನನ್ನ ಸರದಿ ಬರುವ ಹೊತ್ತಿಗೆ ದೊಡ್ಡವರೆಲ್ಲ ಮುಗಿದು ಹೋಗಿದ್ದರು. ನಾನು ಎದ್ದು ನಿಂತು ಸೆಲ್ಕರ್ಕ್ ಅಂದೆ. ಅದ್ಯಾರೋ ಅಂತ ಎಲ್ಲರೂ ನಕ್ಕರು. ಮೇಷ್ಟ್ರು ನಗಲಿಲ್ಲ. ಬರಿ, ಆದರೆ ಇಸವಿ ತಪ್ಪಬಾರದು ಅಂದರು. ಅದಕ್ಕೇ ಇಸವಿಗಳನ್ನು ಎರಡೆರಡು ಸಲ ನೋಡಿ ಬರೆದಿದ್ದೇನೆ.

ರಾಬಿನ್ಸನ್ ಕ್ರೂಸೋ ಕಥೆಯನ್ನು ನಿಮ್ಮಲ್ಲಿ ಬಹಳ ಜನ ಓದಿದ್ದೀರಿ. ನಮ್ಮ ಶಾಲೆಯ ಕಬ್ಬಿಣದ ಬೀರುವಿನಲ್ಲಿ ರಟ್ಟು ಕಿತ್ತುಹೋದ ಪುಸ್ತಕ ಇದೆಯಲ್ಲ, ಅದೇ. ಹಡಗು ಒಡೆದು ಕ್ರೂಸೋ ಒಬ್ಬನೇ ದ್ವೀಪ ಸೇರಿ 28 ವರ್ಷ ಇರುತ್ತಾನೆ. ಆ ಕಾದಂಬರಿಯನ್ನು ಬರೆದವರು ಇಂಗ್ಲೆಂಡಿನ ಡೇನಿಯಲ್ ಡೀಫೋ. ಅದು ಪ್ರಕಟವಾದದ್ದು 1719ನೇ ಇಸವಿಯಲ್ಲಿ. ಕ್ರೂಸೋ ನಿಜವಾದ ಮನುಷ್ಯ ಅಲ್ಲ, ಕಲ್ಪನೆ. ಆದರೆ ಆ ಕಾದಂಬರಿ ಬರುವುದಕ್ಕೆ ಹತ್ತು ವರ್ಷ ಮುಂಚೆ ನಿಜವಾಗಿಯೂ ಒಬ್ಬ ಮನುಷ್ಯ ಒಂದು ದ್ವೀಪದಲ್ಲಿ ನಾಲ್ಕು ವರ್ಷ ನಾಲ್ಕು ತಿಂಗಳು ಒಬ್ಬನೇ ಬದುಕಿ ಹೊರಗೆ ಬಂದಿದ್ದ. ಅವನ ಸುದ್ದಿ ಇಂಗ್ಲೆಂಡಿನಲ್ಲೆಲ್ಲ ಹಬ್ಬಿತ್ತು. ಅವನೇ ಅಲೆಕ್ಸಾಂಡರ್ ಸೆಲ್ಕರ್ಕ್. ಅವನ ಕಥೆಯಿಂದಲೇ ಡೀಫೋಗೆ ಕಾದಂಬರಿ ಹೊಳೆದಿರಬೇಕು ಅಂತ ಬಹಳ ಜನ ಹೇಳುತ್ತಾರೆ.

ಮೊದಲೇ ಹೇಳಿಬಿಡುತ್ತೇನೆ, ಸೆಲ್ಕರ್ಕ್ ಮಹಾಪುರುಷ ಅಲ್ಲ. ಅವನು ಮುಂಗೋಪಿ, ಜಗಳಗಂಟ. ಆದರೂ ಅವನ ಬಗ್ಗೆ ಯಾಕೆ ಬರೆದೆ ಅಂತ ಕೊನೆಯಲ್ಲಿ ಹೇಳುತ್ತೇನೆ.

ಬಾಲ್ಯ

ಸೆಲ್ಕರ್ಕ್ 1676ರಲ್ಲಿ ಸ್ಕಾಟ್ಲೆಂಡ್ ದೇಶದ ಲೋವರ್ ಲಾರ್ಗೋ ಎಂಬ ಊರಿನಲ್ಲಿ ಹುಟ್ಟಿದ. ಅದು ಸಮುದ್ರದ ದಡದಲ್ಲಿರುವ ಸಣ್ಣ ಊರು, ಮೀನು ಹಿಡಿಯುವವರ ಊರು. ಅವರ ಮನೆತನದ ಹೆಸರು ಸೆಲ್ಕ್ರೇಗ್ ಅಂತ ಇತ್ತು, ಆಮೇಲೆ ಸೆಲ್ಕರ್ಕ್ ಆಯಿತು. ಅವನ ತಂದೆ ಜಾನ್, ಚರ್ಮ ಹದ ಮಾಡಿ ಪಾದರಕ್ಷೆ ಹೊಲಿಯುವ ಕೆಲಸ ಮಾಡುತ್ತಿದ್ದ. ತಾಯಿಯ ಹೆಸರು ಯೂಫನ್. ಇವನು ಏಳನೆಯ ಮಗ.

ಮಗ ಮನೆಯಲ್ಲಿದ್ದು ತನ್ನ ಕಸುಬನ್ನೇ ಕಲಿಯಲಿ ಅಂತ ತಂದೆಗೆ ಆಸೆ. ಆದರೆ ಮಗನಿಗೆ ಚರ್ಮದ ವಾಸನೆ ಬೇಡ, ಸಮುದ್ರ ಬೇಕು. ಮನೆ ಬಾಗಿಲಿಗೆ ಬಂದರೆ ಹಡಗುಗಳು ಕಾಣಿಸುತ್ತವೆ, ಅವನಾದರೂ ಏನು ಮಾಡಿಯಾನು? 1695ರಲ್ಲಿ ಚರ್ಚಿನಲ್ಲಿ ಸರಿಯಾಗಿ ನಡೆದುಕೊಳ್ಳಲಿಲ್ಲ ಅಂತ ಊರಿನ ಹಿರಿಯರು ಅವನನ್ನು ವಿಚಾರಣೆಗೆ ಕರೆದರು. ಕರೆ ಹೋಗುವಷ್ಟರಲ್ಲಿ ಅವನು ಸಮುದ್ರಕ್ಕೆ ಹೊರಟು ಹೋಗಿದ್ದ.

ಕೆಲವು ವರ್ಷ ಆದ ಮೇಲೆ ಊರಿಗೆ ವಾಪಸ್ ಬಂದ. 1701ರಲ್ಲಿ ಒಂದು ದಿನ ಅವನ ತಮ್ಮ ಆಂಡ್ರ್ಯೂ ಮನೆಗೆ ಒಂದು ಪಾತ್ರೆಯಲ್ಲಿ ಉಪ್ಪು ನೀರು ತಂದಿಟ್ಟಿದ್ದ. ಇವನು ಗೊತ್ತಿಲ್ಲದೆ ಅದನ್ನು ಎತ್ತಿ ಕುಡಿದುಬಿಟ್ಟ. ತಮ್ಮ ನಕ್ಕ. ಅಷ್ಟಕ್ಕೇ ಸೆಲ್ಕರ್ಕ್ ಕೋಲು ತೆಗೆದುಕೊಂಡು ತಮ್ಮನಿಗೆ ಹೊಡೆದ. ಬಿಡಿಸಲು ಬಂದ ತಂದೆ, ಅಣ್ಣ, ಅತ್ತಿಗೆ ಎಲ್ಲರ ಮೇಲೂ ಏರಿ ಹೋದ. ಇವನು ಪಿಸ್ತೂಲು ತರಲು ಹೋಗುತ್ತಾನೆ ಅಂತ ಹೆದರಿ ತಂದೆ ಬಾಗಿಲಿಗೆ ಅಡ್ಡ ಕೂತುಬಿಟ್ಟನಂತೆ. ಚರ್ಚಿನ ಹಿರಿಯರು ಪಂಚಾಯಿತಿ ಮಾಡಿ, ಭಾನುವಾರ ಎಲ್ಲ ಜನರ ಮುಂದೆ ನಿಲ್ಲಿಸಿ ಬೈದರು. ಅವನು ತಪ್ಪಾಯಿತು ಅಂತ ಒಪ್ಪಿಕೊಂಡ. ಆದರೆ ಊರಿನಲ್ಲಿ ಬಹಳ ದಿನ ನಿಲ್ಲಲಿಲ್ಲ.

ಹಡಗಿನ ಪ್ರಯಾಣ

ಆಗ ಇಂಗ್ಲೆಂಡಿಗೂ ಸ್ಪೇನ್ ಮತ್ತು ಫ್ರಾನ್ಸಿಗೂ ಯುದ್ಧ ನಡೆಯುತ್ತಿತ್ತು. ಶತ್ರುಗಳ ಹಡಗುಗಳನ್ನು ಲೂಟಿ ಮಾಡಬಹುದು ಅಂತ ಸರ್ಕಾರವೇ ಖಾಸಗಿ ಹಡಗುಗಳಿಗೆ ಅಪ್ಪಣೆ ಪತ್ರ ಕೊಡುತ್ತಿತ್ತು. ಪತ್ರ ಇಲ್ಲದೆ ಲೂಟಿ ಮಾಡಿದರೆ ಕಡಲ್ಗಳ್ಳ, ಪತ್ರ ಇದ್ದರೆ ದೇಶಸೇವೆ! 1703ರಲ್ಲಿ ವಿಲಿಯಂ ಡ್ಯಾಂಪಿಯರ್ ಎಂಬ ಪ್ರಸಿದ್ಧ ನಾವಿಕ ಎರಡು ಹಡಗು ಕಟ್ಟಿಕೊಂಡು ದಕ್ಷಿಣ ಅಮೆರಿಕದ ಕಡೆ ಹೊರಟ. ಒಂದರ ಹೆಸರು ಸೇಂಟ್ ಜಾರ್ಜ್, ಇನ್ನೊಂದು ಸಿಂಕ್ ಪೋರ್ಟ್ಸ್. ಸಿಂಕ್ ಪೋರ್ಟ್ಸ್ ಹಡಗಿನಲ್ಲಿ ಸೆಲ್ಕರ್ಕ್‌ಗೆ ದಾರಿ ಲೆಕ್ಕ ನೋಡಿಕೊಳ್ಳುವ ಅಧಿಕಾರಿಯ ಕೆಲಸ ಸಿಕ್ಕಿತು. ಚಪ್ಪಲಿ ಹೊಲಿಯುವವನ ಮಗ ನಕ್ಷತ್ರ ನೋಡಿ ಹಡಗು ನಡೆಸುವುದನ್ನು ಕಲಿತಿದ್ದ.

ಪ್ರಯಾಣ ಚೆನ್ನಾಗಿರಲಿಲ್ಲ. ತಾಜಾ ತರಕಾರಿ, ಹಣ್ಣು ಇಲ್ಲದೆ ನಾವಿಕರಿಗೆ ಸ್ಕರ್ವಿ ರೋಗ ಬಂತು. ನಾವು ವಿಜ್ಞಾನದಲ್ಲಿ ಓದಿದ್ದೇವೆ, ಅದು ಸಿ ಜೀವಸತ್ವದ ಕೊರತೆಯಿಂದ ಬರುವ ರೋಗ, ವಸಡಿನಲ್ಲಿ ರಕ್ತ ಬರುತ್ತದೆ. ಆಗಿನ ಕಾಲದವರಿಗೆ ಕಾರಣ ಗೊತ್ತಿರಲಿಲ್ಲ. ಸಿಂಕ್ ಪೋರ್ಟ್ಸ್ ಹಡಗಿನ ಕಪ್ತಾನ ಬ್ರೆಜಿಲ್ ಹತ್ತಿರ ತೀರಿಕೊಂಡ. ಅವನ ಜಾಗಕ್ಕೆ ಥಾಮಸ್ ಸ್ಟ್ರಾಡ್ಲಿಂಗ್ ಎಂಬ ಚಿಕ್ಕ ವಯಸ್ಸಿನವನು ಬಂದ. ಅವನಿಗೂ ಸೆಲ್ಕರ್ಕ್‌ಗೂ ಆಗಿಬರುತ್ತಿರಲಿಲ್ಲ. 1704ರ ಮೇ ತಿಂಗಳಲ್ಲಿ ಎರಡು ಹಡಗುಗಳೂ ಬೇರೆ ಬೇರೆ ಆದವು.

1704ರ ಸೆಪ್ಟೆಂಬರ್ ಹೊತ್ತಿಗೆ ಸಿಂಕ್ ಪೋರ್ಟ್ಸ್ ನೀರು, ಆಹಾರ ತುಂಬಿಕೊಳ್ಳಲು ಹುವಾನ್ ಫರ್ನಾಂಡಿಸ್ ದ್ವೀಪಗಳಿಗೆ ಬಂತು. ಭೂಪಟದಲ್ಲಿ ದಕ್ಷಿಣ ಅಮೆರಿಕದ ಎಡಗಡೆ ಉದ್ದಕ್ಕೆ ಪಟ್ಟಿಯಂತೆ ಇರುವ ಚಿಲಿ ದೇಶ ನೋಡಿ. ಅಲ್ಲಿಂದ ಪಶ್ಚಿಮಕ್ಕೆ ಪೆಸಿಫಿಕ್ ಸಾಗರದಲ್ಲಿ ಸುಮಾರು 670 ಕಿಲೋಮೀಟರ್ ದೂರ ಹೋದರೆ ಈ ದ್ವೀಪ. ನಮ್ಮ ಶಾಲೆಯ ಭೂಪಟದಲ್ಲಿ ಅದು ಚುಕ್ಕಿಯೂ ಅಲ್ಲ. ಆಗ ಅಲ್ಲಿ ಜನವಸತಿ ಇರಲಿಲ್ಲ.

ಹಡಗಿನ ತಳಕ್ಕೆ ಹುಳು ಬಿದ್ದಿತ್ತು. ಸಮುದ್ರದಲ್ಲಿ ಮರ ಕೊರೆಯುವ ಒಂದು ಜಾತಿ ಹುಳು ಇದೆ, ಗೆದ್ದಲು ತೊಲೆಯನ್ನು ತಿಂದ ಹಾಗೆ ಹಡಗಿನ ಹಲಗೆಯನ್ನು ತಿನ್ನುತ್ತದೆ. ನೀರು ಒಳಗೆ ಬರುತ್ತಿತ್ತು. ರಿಪೇರಿ ಮಾಡದೆ ಈ ಹಡಗು ಹತ್ತುವುದು ಸಾವಿಗೆ ಹೋದಂತೆ ಅಂತ ಸೆಲ್ಕರ್ಕ್ ವಾದ ಮಾಡಿದ. ಕಪ್ತಾನ ಕೇಳಲಿಲ್ಲ. ಸಿಟ್ಟಿನಲ್ಲಿ ಸೆಲ್ಕರ್ಕ್ ಹಾಗಾದರೆ ನನ್ನನ್ನು ಇಲ್ಲೇ ಬಿಟ್ಟು ಹೋಗಿ ಅಂದುಬಿಟ್ಟ. ಉಳಿದವರೂ ತನ್ನ ಜೊತೆ ನಿಲ್ಲುತ್ತಾರೆ ಅಂತ ಅವನು ಅಂದುಕೊಂಡಿರಬೇಕು. ಒಬ್ಬರೂ ನಿಲ್ಲಲಿಲ್ಲ. ಕಪ್ತಾನನಿಗೂ ಅದೇ ಬೇಕಾಗಿತ್ತು. ಅವನ ಪೆಟ್ಟಿಗೆ, ಹಾಸಿಗೆ ಎಲ್ಲ ದಡಕ್ಕೆ ಇಳಿಸಿದರು.

ದೋಣಿ ವಾಪಸ್ ಹೊರಟಾಗ ಸೆಲ್ಕರ್ಕ್‌ಗೆ ಜೀವ ಝಲ್ ಅಂತು. ಕೂಗಿ, ನನ್ನನ್ನೂ ಕರೆದುಕೊಳ್ಳಿ ಅಂತ ಬೇಡಿಕೊಂಡ. ಕಪ್ತಾನ ಕರೆದುಕೊಳ್ಳಲಿಲ್ಲ. ಆಗ ಅವನಿಗೆ 28 ವರ್ಷ.

ಗೆಳೆಯರೇ, ಸಿಟ್ಟಿನಲ್ಲಿ ನಾವೂ ಎಷ್ಟು ಸಲ ಹೀಗೆ ಹೇಳಿರುತ್ತೇವೆ! ನಾನು ಊಟ ಮಾಡಲ್ಲ, ನಾನು ಆಟಕ್ಕೆ ಬರಲ್ಲ, ನನ್ನ ಪಾಡಿಗೆ ನನ್ನನ್ನು ಬಿಟ್ಟುಬಿಡಿ ಅಂತ. ಯಾರಾದರೂ ಬಂದು ಕರೆಯುತ್ತಾರೆ ಅಂತ ಒಳಗೇ ಕಾಯುತ್ತಿರುತ್ತೇವೆ. ಸೆಲ್ಕರ್ಕ್‌ನನ್ನು ಯಾರೂ ಕರೆಯಲಿಲ್ಲ, ಅಷ್ಟೇ ವ್ಯತ್ಯಾಸ.

ಆದರೆ ಹಡಗಿನ ವಿಷಯದಲ್ಲಿ ಅವನು ಹೇಳಿದ್ದೇ ಸರಿ ಆಯಿತು. ಆಮೇಲೆ ಸಿಂಕ್ ಪೋರ್ಟ್ಸ್ ನಿಜವಾಗಿಯೂ ಮುಳುಗಿತು. ಕಪ್ತಾನ ಮತ್ತು ಕೆಲವರು ಮಾತ್ರ ಬದುಕಿ ಉಳಿದು ಸ್ಪೇನಿನವರ ಕೈಗೆ ಸಿಕ್ಕಿ ಲಿಮಾ ನಗರದಲ್ಲಿ ಸೆರೆಮನೆ ಸೇರಿದರು. ಇದು ದ್ವೀಪದಲ್ಲಿದ್ದ ಸೆಲ್ಕರ್ಕ್‌ಗೆ ಗೊತ್ತಾಗುವ ಹಾಗಿರಲಿಲ್ಲ.

ದ್ವೀಪದ ಬದುಕು

ಅವನ ಹತ್ತಿರ ಇದ್ದ ಸಾಮಾನು ಇವು: ಬಟ್ಟೆ ಮತ್ತು ಹಾಸಿಗೆ, ಒಂದು ಬಂದೂಕು, ಸ್ವಲ್ಪ ಮದ್ದು ಗುಂಡು, ತಂಬಾಕು, ಒಂದು ಕೊಡಲಿ, ಒಂದು ಚಾಕು, ಒಂದು ಅಡುಗೆ ಪಾತ್ರೆ, ಬೈಬಲ್, ಹಡಗಿನ ಲೆಕ್ಕದ ಉಪಕರಣಗಳು ಮತ್ತು ಕೆಲವು ಪುಸ್ತಕ.

ಮೊದಲ ತಿಂಗಳುಗಳಲ್ಲಿ ಅವನು ದಡ ಬಿಟ್ಟು ಕದಲಲಿಲ್ಲ. ಹಡಗು ವಾಪಸ್ ಬರುತ್ತದೆ ಅಂತ ಸಮುದ್ರ ನೋಡುತ್ತಾ ಕೂತಿರುತ್ತಿದ್ದ. ದಡದಲ್ಲಿ ಸಿಗುವ ದೊಡ್ಡ ಸೀಗಡಿ ಜಾತಿಯ ಪ್ರಾಣಿಗಳನ್ನು ಬೇಯಿಸಿ ತಿನ್ನುತ್ತಿದ್ದ. ಉಪ್ಪು ಇಲ್ಲ, ರೊಟ್ಟಿ ಇಲ್ಲ. ಕತ್ತಲಾದರೆ ಭಯ. ಸಾಯಬೇಕು ಅನ್ನಿಸುವಷ್ಟು ದುಃಖವಾಗುತ್ತಿತ್ತಂತೆ. ಆಮೇಲೆ ಕಡಲ ಸಿಂಹಗಳು ಮರಿ ಹಾಕುವ ಕಾಲದಲ್ಲಿ ಸಾವಿರಾರು ಸಂಖ್ಯೆಯಲ್ಲಿ ದಡಕ್ಕೆ ಬಂದವು. ಅವು ಹಗಲು ರಾತ್ರಿ ಅರಚುತ್ತವೆ. ಆ ಗಲಾಟೆಗೆ ಹೆದರಿ ಅವನು ದ್ವೀಪದ ಒಳಗೆ ಹೋದ. ಹಾಗೆ ಹೋದದ್ದೇ ಒಳ್ಳೆಯದಾಯಿತು.

ಒಳಗೆ ಕಾಡು ಇತ್ತು, ಸಿಹಿ ನೀರಿನ ತೊರೆ ಇತ್ತು. ಮೇಕೆಗಳು ಇದ್ದವು! ಹಿಂದೆ ಸ್ಪೇನಿನವರು ತಂದು ಬಿಟ್ಟ ಮೇಕೆಗಳು ಅಲ್ಲಿ ಕಾಡು ಮೇಕೆಗಳಾಗಿದ್ದವು. ಡ್ಯಾಂಪಿಯರ್‌ನ ಜನ ಯಾವಾಗಲೋ ಬಿತ್ತಿದ್ದ ಟರ್ನಿಪ್ ಗೆಡ್ಡೆ ಎಕರೆಗಟ್ಟಲೆ ಹಬ್ಬಿತ್ತು. ಕೋಸಿನ ರುಚಿ ಕೊಡುವ ಒಂದು ಜಾತಿಯ ಮರವಿತ್ತು, ಮೆಣಸಿನಂತೆ ಘಮಘಮಿಸುವ ಕಾಯಿಯ ಮರವೂ ಇತ್ತು. ಉಪ್ಪಿಲ್ಲದ ಅಡುಗೆಗೆ ಅವನು ಆ ಕಾಯಿ ಹಾಕಿಕೊಂಡ. ಎರಡು ಕಟ್ಟಿಗೆ ಒಂದಕ್ಕೊಂದು ಉಜ್ಜಿ ಬೆಂಕಿ ಮಾಡಿಕೊಂಡ. ಆ ಕಟ್ಟಿಗೆ ಚೆನ್ನಾಗಿ ಬೆಳಕು ಕೊಡುತ್ತಿದ್ದುದರಿಂದ ಒಲೆಯೂ ಅದೇ, ದೀಪವೂ ಅದೇ.

ಮರ ಕಡಿದು, ಉದ್ದ ಹುಲ್ಲು ಹೊದಿಸಿ, ಒಳಗೆ ಮೇಕೆ ಚರ್ಮ ಹಾಕಿ ಎರಡು ಗುಡಿಸಲು ಕಟ್ಟಿದ. ಚಿಕ್ಕದು ಅಡುಗೆಗೆ, ದೊಡ್ಡದು ಮಲಗುವುದಕ್ಕೆ. ರಾತ್ರಿ ಇಲಿಗಳು ಬಂದು ಅವನ ಬಟ್ಟೆಯನ್ನೂ ಕಾಲನ್ನೂ ಕಚ್ಚುತ್ತಿದ್ದವು. ಹಡಗುಗಳಿಂದ ಇಳಿದ ಬೆಕ್ಕುಗಳೂ ದ್ವೀಪದಲ್ಲಿ ಇದ್ದವು. ಅವುಗಳಿಗೆ ಮೇಕೆ ಮಾಂಸ ಹಾಕಿ ಹಾಕಿ ಪಳಗಿಸಿದ. ಬೆಕ್ಕುಗಳು ಅವನ ಸುತ್ತ ಮಲಗತೊಡಗಿದ ಮೇಲೆ ಇಲಿಗಳ ಕಾಟ ತಪ್ಪಿತು. ಮೇಕೆ ಮರಿಗಳನ್ನೂ ಸಾಕಿದ. ಬೇಜಾರಾದಾಗ ಬೆಕ್ಕು, ಮರಿಗಳ ಜೊತೆ ಹಾಡುತ್ತಾ ಕುಣಿಯುತ್ತಿದ್ದನಂತೆ. ಓದಿ ನನಗೆ ನಗು ಬಂತು, ಆಮೇಲೆ ಯಾಕೋ ನಗು ನಿಂತುಹೋಯಿತು.

ಚರ್ಚಿನಲ್ಲಿ ಗಲಾಟೆ ಮಾಡಿ ಬೈಸಿಕೊಂಡಿದ್ದವನು ಈಗ ದಿನಾ ಬೈಬಲನ್ನು ಗಟ್ಟಿಯಾಗಿ ಓದುತ್ತಿದ್ದ, ಭಕ್ತಿಗೀತೆ ಹಾಡುತ್ತಿದ್ದ. ಮಾತು ಮರೆಯಬಾರದು ಅಂತಲೂ ಇರಬಹುದು.

ಮದ್ದು ಮುಗಿದ ಮೇಲೆ ಬಂದೂಕು ಬರೀ ಕೋಲು. ಆಗ ಓಡಿ ಓಡಿ ಮೇಕೆ ಹಿಡಿಯುವುದನ್ನು ಕಲಿತ. ಬಂಡೆ, ಗುಡ್ಡ ಎಲ್ಲದರ ಮೇಲೂ ಓಡುತ್ತಿದ್ದ. ಒಂದು ದಿನ ಪೊದೆಯ ಹಿಂದೆ ಕಮರಿ ಇರುವುದು ಕಾಣದೆ ಮೇಕೆಯ ಜೊತೆಯೇ ಕೆಳಗೆ ಬಿದ್ದ. ಸುಮಾರು ಒಂದು ದಿನ ಎಚ್ಚರ ತಪ್ಪಿ ಬಿದ್ದಿದ್ದ. ಎಚ್ಚರವಾದಾಗ ನೋಡಿದರೆ ಮೇಕೆ ಅವನ ಅಡಿಯಲ್ಲಿ ಸತ್ತು ಬಿದ್ದಿತ್ತು. ಅದರ ಮೇಲೆ ಬಿದ್ದದ್ದಕ್ಕೇ ಅವನು ಉಳಿದುಕೊಂಡ. ತೆವಳಿಕೊಂಡು ಗುಡಿಸಲಿಗೆ ಬಂದು ಹತ್ತು ದಿನ ಏಳಲಿಲ್ಲ. ನೀರು ಕೊಡುವವರೂ ಇಲ್ಲದೆ ಆ ಹತ್ತು ದಿನ ಹೇಗೆ ಕಳೆದನೋ!

ಅವನು ಅಲ್ಲಿ ಕೊಂದ ಮೇಕೆಗಳ ಲೆಕ್ಕ ಇಟ್ಟಿದ್ದ, 500. ಇನ್ನೂ ಅಷ್ಟನ್ನೇ ಹಿಡಿದು, ಕಿವಿಗೆ ಗುರುತು ಮಾಡಿ ಬಿಟ್ಟಿದ್ದ. ನಮ್ಮೂರಲ್ಲೂ ಕುರಿ ಮೇಕೆ ಕಳೆಯಬಾರದು ಅಂತ ಕಿವಿ ಕೊಯ್ದು ಗುರುತು ಮಾಡುತ್ತಾರೆ. ಆದರೆ ಅಲ್ಲಿ ಕದಿಯುವವರು ಯಾರಿದ್ದರು? ನನಗನ್ನಿಸುತ್ತದೆ, ಇದು ನನ್ನದು ಅಂತ ಹೇಳಿಕೊಳ್ಳಲು ಮನುಷ್ಯನಿಗೆ ಏನಾದರೂ ಬೇಕು. ಆಶ್ಚರ್ಯ ಏನೆಂದರೆ, ಬಹಳ ವರ್ಷ ಆದ ಮೇಲೆ 1741ರಲ್ಲಿ ಆನ್ಸನ್ ಎಂಬ ಇಂಗ್ಲಿಷ್ ನೌಕಾಧಿಕಾರಿಯ ಜನ ಆ ದ್ವೀಪಕ್ಕೆ ಬಂದಾಗ ಕಿವಿ ಸೀಳಿದ ಮೇಕೆಗಳನ್ನು ಕಂಡರು!

ಬಟ್ಟೆ ಮತ್ತು ಚಪ್ಪಲಿ

ಈ ಭಾಗವನ್ನು ಸ್ವಲ್ಪ ಗಮನವಿಟ್ಟು ಓದಿ. ತಂದಿದ್ದ ಬಟ್ಟೆ ಎಲ್ಲ ಹರಿದು ಹೋಯಿತು. ಆಗ ಸೆಲ್ಕರ್ಕ್ ಮೇಕೆ ಚರ್ಮದಿಂದ ಅಂಗಿ, ಟೋಪಿ ಹೊಲಿದುಕೊಂಡ. ಅವನ ಹತ್ತಿರ ಸೂಜಿ ಇರಲಿಲ್ಲ, ಒಂದು ಮೊಳೆ ಇತ್ತು. ದಾರ ಇರಲಿಲ್ಲ, ಚಾಕುವಿನಿಂದ ಅದೇ ಚರ್ಮವನ್ನು ಸಣ್ಣ ಬಾರುಗಳಾಗಿ ಕೊಯ್ದುಕೊಂಡ. ಪೆಟ್ಟಿಗೆಯಲ್ಲಿ ಸ್ವಲ್ಪ ಬಿಳಿ ಬಟ್ಟೆ ಇತ್ತು, ಅದರಿಂದಲೂ ಅಂಗಿ ಮಾಡಿದ. ಅದಕ್ಕೆ ಹಳೆಯ ಕಾಲುಚೀಲದ ಉಣ್ಣೆ ನೂಲು ಬಿಚ್ಚಿ ದಾರ ಮಾಡಿಕೊಂಡ. ಚಾಕು ಸವೆದು ಹೋದಾಗ ದಡದಲ್ಲಿ ಬಿದ್ದಿದ್ದ ಪೀಪಾಯಿಯ ಕಬ್ಬಿಣದ ಪಟ್ಟಿಗಳನ್ನು ಬಡಿದು, ಕಲ್ಲಿಗೆ ಉಜ್ಜಿ ಹೊಸ ಚಾಕು ಮಾಡಿದ.

ನೋಡಿದಿರಾ? ಯಾವ ಕಸುಬು ಬೇಡ ಅಂತ ಮನೆ ಬಿಟ್ಟು ಓಡಿಹೋಗಿದ್ದನೋ ಅದರಲ್ಲಿ ಚಿಕ್ಕಂದಿನಲ್ಲಿ ಕಣ್ಣಲ್ಲಿ ಕಂಡಿದ್ದೇ ಅವನ ಮೈ ಮುಚ್ಚಿತು. ಹಡಗು ನಡೆಸುವ ವಿದ್ಯೆ ಆ ದ್ವೀಪದಲ್ಲಿ ಉಪಯೋಗಕ್ಕೆ ಬರಲಿಲ್ಲ, ಹಡಗೇ ಇರಲಿಲ್ಲವಲ್ಲ.

ಆದರೆ ಬೂಟು ಹರಿದ ಮೇಲೆ ಅವನು ಬರಿಗಾಲಲ್ಲೇ ಓಡಾಡಿದ. ಅಂಗಾಲು ಕಲ್ಲಿನ ಹಾಗೆ ಗಟ್ಟಿ ಆಯಿತು. ಚಪ್ಪಲಿ ಹೊಲಿಯುವವನ ಮಗ ಚಪ್ಪಲಿ ಯಾಕೆ ಮಾಡಿಕೊಳ್ಳಲಿಲ್ಲ ಅಂತ ನನಗೆ ಪ್ರಶ್ನೆ ಬಂತು. ಪುಸ್ತಕದಲ್ಲಿ ಉತ್ತರ ಇರಲಿಲ್ಲ. ಆ ಪ್ರಶ್ನೆಯನ್ನು ಯಾರಿಗೆ ಕೇಳಿದೆ ಅಂತಲೂ ಕೊನೆಯಲ್ಲಿ ಹೇಳುತ್ತೇನೆ.

ಬಿಡುಗಡೆ

ನಡುವೆ ಸ್ಪೇನಿನ ಹಡಗುಗಳು ಬಂದಿದ್ದವು. ಆಸೆಯಿಂದ ಓಡಿ ಹೋದರೆ ಅವರು ಗುಂಡು ಹಾರಿಸಿದರು, ಯಾಕೆಂದರೆ ಅವರು ಶತ್ರುಗಳು. ಕಾಡಿಗೆ ಓಡಿ ಮರ ಹತ್ತಿ ಕೂತ. ಅವರು ಅದೇ ಮರದ ಕೆಳಗೆ ಬಂದು ನಿಂತರೂ ತಲೆ ಎತ್ತಿ ನೋಡಲಿಲ್ಲ.

1709ರ ಜನವರಿ ಕೊನೆಯ ರಾತ್ರಿ ಸಮುದ್ರದಲ್ಲಿದ್ದ ಎರಡು ಇಂಗ್ಲಿಷ್ ಹಡಗುಗಳಿಗೆ ದ್ವೀಪದಲ್ಲಿ ಬೆಂಕಿ ಕಾಣಿಸಿತು. ಡ್ಯೂಕ್ ಮತ್ತು ಡಚೆಸ್ ಅಂತ ಆ ಹಡಗುಗಳ ಹೆಸರು, ನಾಯಕ ವುಡ್ಸ್ ರೋಜರ್ಸ್. ಶತ್ರುಗಳ ಹಡಗು ಇರಬಹುದು ಅಂತ ಹೆದರಿ ಅವರು ತಕ್ಷಣ ಹತ್ತಿರ ಬರಲಿಲ್ಲ. ಫೆಬ್ರವರಿ 2ರಂದು ದೋಣಿ ಕಳಿಸಿದರು. ದೋಣಿ ವಾಪಸ್ ಬಂದಾಗ ಅದರಲ್ಲಿ ಸೀಗಡಿಗಳ ಜೊತೆ ಮೇಕೆ ಚರ್ಮ ತೊಟ್ಟ, ಗಡ್ಡ ಬೆಳೆದ ಒಬ್ಬ ಮನುಷ್ಯ ಇದ್ದ. ಅವನಿಗೆ ಮಾತೇ ಸರಿಯಾಗಿ ಬರುತ್ತಿರಲಿಲ್ಲ, ಶಬ್ದಗಳನ್ನು ಅರ್ಧ ಅರ್ಧ ಹೇಳುತ್ತಿದ್ದ.

ಆ ಹಡಗಿನಲ್ಲಿ ದಾರಿ ತೋರಿಸುವವನಾಗಿ ಯಾರಿದ್ದರು ಗೊತ್ತಾ? ಅದೇ ವಿಲಿಯಂ ಡ್ಯಾಂಪಿಯರ್! ಸಿಂಕ್ ಪೋರ್ಟ್ಸ್ ಹಡಗಿನಲ್ಲಿ ಇದ್ದವರಲ್ಲೆಲ್ಲ ಇವನೇ ಒಳ್ಳೆಯ ಕೆಲಸಗಾರ ಅಂತ ಡ್ಯಾಂಪಿಯರ್ ಹೇಳಿದ. ರೋಜರ್ಸ್ ಅವನನ್ನು ತನ್ನ ಹಡಗಿನಲ್ಲಿ ಅಧಿಕಾರಿ ಮಾಡಿಕೊಂಡ. ಇನ್ನೊಂದು ವಿಚಿತ್ರ ಹೇಳುತ್ತೇನೆ. ಇದಕ್ಕೂ ಮುಂಚೆ ಮಧ್ಯ ಅಮೆರಿಕದ ಮಿಸ್ಕಿಟೊ ಜನಾಂಗದ ವಿಲ್ ಎಂಬುವನು ಇದೇ ದ್ವೀಪದಲ್ಲಿ 1681ರಿಂದ 1684ರವರೆಗೆ ಒಬ್ಬನೇ ಇದ್ದ. ಮೇಕೆ ಬೇಟೆಗೆ ಕಾಡಿಗೆ ಹೋಗಿದ್ದಾಗ ಅವನ ಹಡಗು ಅವಸರದಲ್ಲಿ ಹೊರಟುಬಿಟ್ಟಿತ್ತು. ಆ ಹಡಗಿನಲ್ಲೂ ಡ್ಯಾಂಪಿಯರ್ ಇದ್ದ, ಅವನನ್ನು ಬಿಡಿಸಲು ಬಂದ ಹಡಗಿನಲ್ಲೂ ಇದ್ದ. ವಿಲ್ ಜಗಳ ಮಾಡಿದವನಲ್ಲ, ಸಿಟ್ಟು ಮಾಡಿದವನಲ್ಲ, ಆದರೂ ಸೆಲ್ಕರ್ಕ್‌ನಷ್ಟು ಹೆಸರು ಅವನಿಗೆ ಬರಲಿಲ್ಲ. ಅದಕ್ಕೇ ಅವನನ್ನೂ ಇಲ್ಲಿ ಸೇರಿಸಿದ್ದೇನೆ.

ರೋಜರ್ಸ್‌ನ ಹಡಗಿನಲ್ಲೂ ಸ್ಕರ್ವಿ ಬಂದು ಜನ ಮಲಗಿದ್ದರು. ಸೆಲ್ಕರ್ಕ್ ದಿನಾ ಮೇಕೆ ಹಿಡಿದು ತಂದು, ಸೊಪ್ಪು ಹಾಕಿ ಬೇಯಿಸಿ ಕೊಟ್ಟ. ಓಟದಲ್ಲಿ ಅವನ ಜೊತೆ ಹಡಗಿನ ನಾಯಿಯನ್ನೂ ಚುರುಕಾದ ನಾವಿಕರನ್ನೂ ಕಳಿಸಿದರೆ, ನಾಯಿಯೂ ಸುಸ್ತು, ಅವರೂ ಸುಸ್ತು! ಹಡಗಿನ ಊಟ ಅವನಿಗೆ ರುಚಿಸಲಿಲ್ಲ. ಬೂಟು ಹಾಕಿಕೊಂಡರೆ ಕಾಲು ಊದಿಕೊಂಡಿತು. ಅಭ್ಯಾಸ ಆಗಲು ಬಹಳ ದಿನ ಬೇಕಾಯಿತು.

ಅಲ್ಲಿಂದ ಅವನು ನೇರ ಮನೆಗೆ ಹೋಗಲಿಲ್ಲ. ಅದೇ ಹಡಗಿನಲ್ಲಿ ಪ್ರಪಂಚ ಸುತ್ತಿ 1711ರ ಅಕ್ಟೋಬರ್‌ನಲ್ಲಿ ಇಂಗ್ಲೆಂಡ್ ತಲುಪಿದ. ಹೊರಟು ಎಂಟು ವರ್ಷ ಆಗಿತ್ತು. ಲೂಟಿಯಲ್ಲಿ ಅವನ ಪಾಲಿಗೆ ಸುಮಾರು 800 ಪೌಂಡ್ ಬಂತು, ಆಗ ಅದು ದೊಡ್ಡ ಮೊತ್ತ. ರೋಜರ್ಸ್ 1712ರಲ್ಲಿ ತನ್ನ ಪ್ರವಾಸದ ಪುಸ್ತಕದಲ್ಲಿ ಅವನ ಕಥೆ ಬರೆದ. 1713ರಲ್ಲಿ ರಿಚರ್ಡ್ ಸ್ಟೀಲ್ ಎಂಬ ಲೇಖಕ ಅವನನ್ನು ಕಂಡು ಮಾತಾಡಿ ಪತ್ರಿಕೆಯಲ್ಲಿ ಬರೆದ. ಸೆಲ್ಕರ್ಕ್ ಹೆಸರುವಾಸಿ ಆದ.

ಊರಿಗೆ ಬಂದದ್ದು

ಆಮೇಲೆ ಒಂದು ಭಾನುವಾರ ಅವನು ಲಾರ್ಗೋಗೆ ಬಂದ ಅಂತ ಆ ಊರಿನವರು ಹೇಳುತ್ತಾರೆ. ಎಲ್ಲರೂ ಚರ್ಚಿನಲ್ಲಿದ್ದರು. ಬೆಲೆಬಾಳುವ ಬಟ್ಟೆ ತೊಟ್ಟ ಒಬ್ಬ ಅಪರಿಚಿತ ಒಳಗೆ ಬಂದು ಕೂತ. ಯಾರಿಗೂ ಗುರುತು ಸಿಗಲಿಲ್ಲ. ಅವನ ತಾಯಿ ಮಾತ್ರ ಒಂದೇ ಸಮ ಅವನನ್ನು ನೋಡಿದಳು. ಗುರುತು ಹತ್ತಿದ ಕೂಡಲೇ ಪ್ರಾರ್ಥನೆ ನಡೆಯುತ್ತಿದ್ದರೂ ಕೂಗಿಕೊಂಡು ಹೋಗಿ ತಬ್ಬಿಕೊಂಡಳು.

ಕಥೆ ಇಲ್ಲಿಗೆ ಮುಗಿದಿದ್ದರೆ ಚೆನ್ನಾಗಿತ್ತು. ಆದರೆ ಅವನಿಗೆ ಜನರ ನಡುವೆ ಇರಲು ಆಗಲಿಲ್ಲ. ತಂದೆಯ ಮನೆಯ ಹಿಂದಿನ ಜಾಗದಲ್ಲಿ ಗವಿಯಂತೆ ಒಂದು ಗೂಡು ಮಾಡಿಕೊಂಡು ಅಲ್ಲಿ ಒಬ್ಬನೇ ಕೂತು ಸಮುದ್ರ ನೋಡುತ್ತಿದ್ದನಂತೆ. ದ್ವೀಪದಲ್ಲಿ ಇರುವಾಗ ಜನ ಬೇಕು ಅಂತ ಅತ್ತ, ಜನ ಸಿಕ್ಕ ಮೇಲೆ ದ್ವೀಪ ಬೇಕು ಅಂತ ಕೊರಗಿದ. ಮತ್ತೆ ಊರು ಬಿಟ್ಟ, ಮದುವೆ ಆದ, ನೌಕಾಪಡೆ ಸೇರಿದ. ಆಫ್ರಿಕಾದ ಪಶ್ಚಿಮ ತೀರದಲ್ಲಿ ಕಡಲ್ಗಳ್ಳರನ್ನು ಹಿಡಿಯಲು ಹೋಗಿದ್ದ ವೇಮತ್ ಎಂಬ ಹಡಗಿನಲ್ಲಿ ಜ್ವರ ಹರಡಿತು. 1721ರ ಡಿಸೆಂಬರ್ 13ರಂದು ಸೆಲ್ಕರ್ಕ್ ಅಲ್ಲಿ ತೀರಿಕೊಂಡ. ಅವನ ದೇಹವನ್ನು ಸಮುದ್ರಕ್ಕೇ ಒಪ್ಪಿಸಿದರು. ಆಗ ಅವನಿಗೆ 45 ವರ್ಷ. ಕ್ರೂಸೋ ಕಾದಂಬರಿ ಬಂದು ಎರಡು ವರ್ಷ ಆಗಿತ್ತು. ಅವನು ಅದನ್ನು ಓದಿದನೋ ಇಲ್ಲವೋ!

1885ರಲ್ಲಿ ಲಾರ್ಗೋ ಊರಿನಲ್ಲಿ ಅವನ ಮನೆ ಇದ್ದ ಜಾಗದಲ್ಲಿ ಕಂಚಿನ ವಿಗ್ರಹ ನಿಲ್ಲಿಸಿದರು. ಅದರ ಮೈಮೇಲೆ ಲಂಡನ್ನಿನ ಬೆಲೆಬಾಳುವ ಬಟ್ಟೆ ಇಲ್ಲ, ಮೇಕೆ ಚರ್ಮದ ಬಟ್ಟೆ ಇದೆ. 1966ರಲ್ಲಿ ಚಿಲಿ ಸರ್ಕಾರ ಅವನಿದ್ದ ದ್ವೀಪಕ್ಕೆ ರಾಬಿನ್ಸನ್ ಕ್ರೂಸೋ ದ್ವೀಪ ಅಂತ ಹೆಸರಿಟ್ಟಿತು. ಅವನು ಇಲ್ಲದ ಇನ್ನೊಂದು ದ್ವೀಪಕ್ಕೆ ಅಲೆಜಾಂಡ್ರೊ ಸೆಲ್ಕರ್ಕ್ ದ್ವೀಪ ಅಂತ ಹೆಸರು! ಈಗ ಕ್ರೂಸೋ ದ್ವೀಪದಲ್ಲಿ ಊರಿದೆ, ಮಕ್ಕಳಿದ್ದಾರೆ. 2010ರ ಫೆಬ್ರವರಿ 27ರಂದು ಅಲ್ಲಿಗೆ ಸುನಾಮಿ ಬಂದಾಗ ನಮ್ಮ ವಯಸ್ಸಿನ, 12 ವರ್ಷದ ಒಬ್ಬ ಹುಡುಗಿ ಕತ್ತಲಲ್ಲಿ ಓಡಿ ಹೋಗಿ ಊರ ಗಂಟೆ ಬಾರಿಸಿ ಬಹಳ ಜನರನ್ನು ಉಳಿಸಿದಳು. 2005ರಲ್ಲಿ ಅಲ್ಲಿ ಅಗೆದು ನೋಡಿದವರಿಗೆ ಹಳೆಯ ಒಲೆಯ ಗುರುತು ಮತ್ತು ನಾವಿಕರು ನಕ್ಷೆ ಅಳೆಯುವ ಉಪಕರಣದ ಮುರಿದ ಮೊನೆ ಸಿಕ್ಕಿದವು. ಅದು ಸೆಲ್ಕರ್ಕ್‌ನದೇ ಇರಬೇಕು ಅಂತ ಹೇಳಿದ್ದಾರೆ.

ಯಾಕೆ ಬರೆದೆ

ಈಗ ಹೇಳುತ್ತೇನೆ. ಹಿಂದಿನ ತಿಂಗಳು ಭಾನುವಾರದ ಸಂತೆಗೆ ನಿಮ್ಮಲ್ಲಿ ನಾಲ್ಕು ಜನ ಸಿಕ್ಕಿದಿರಿ. ಒಟ್ಟಿಗೆ ಮಂಡಕ್ಕಿ ತಿನ್ನುತ್ತಾ ಹೋದೆವು. ಸಂತೆಯ ಕೊನೆಯಲ್ಲಿ ಹುಣಸೆ ಮರದ ಕೆಳಗೆ ಒಬ್ಬರು ಚಪ್ಪಲಿ ಹೊಲಿಯುತ್ತಾ ಕೂತಿದ್ದರು. ಅದು ನಮ್ಮಪ್ಪ. ನೀವು ಬೇರೆ ಬೇರೆ ಊರಿನವರು, ನಿಮಗೆ ಗೊತ್ತಿರಲಿಲ್ಲ. ಅಪ್ಪ ತಲೆ ಎತ್ತಿ ನನ್ನನ್ನು ನೋಡಿದ. ನಾನು ನೋಡಿಯೂ ನೋಡದವನ ಹಾಗೆ ನಿಮ್ಮ ಜೊತೆ ಮುಂದೆ ಹೋದೆ. ಶಾಲೆಯಲ್ಲಿ ಅಪ್ಪನ ಕೆಲಸ ಕೇಳಿದಾಗಲೂ ನಾನು ಕೂಲಿ ಅಂತಲೇ ಹೇಳಿದ್ದೆ. ಅವತ್ತು ರಾತ್ರಿ ಅಪ್ಪ ಏನೂ ಕೇಳಲಿಲ್ಲ. ಮಂಡಕ್ಕಿ ಚೆನ್ನಾಗಿತ್ತಾ ಅಂತ ಮಾತ್ರ ಕೇಳಿದ. ನನಗೆ ಊಟ ಸೇರಲಿಲ್ಲ.

ಅದಾದ ಮೇಲೆ ಈ ಕಥೆ ಓದಿದೆ. ಸೆಲ್ಕರ್ಕ್‌ನ ತಂದೆಯ ಕಸುಬು ಏನು ಅಂತ ಓದಿದಾಗ ಪುಸ್ತಕ ಮುಚ್ಚಿಬಿಟ್ಟೆ. ಎರಡು ದಿನ ಬಿಟ್ಟು ಮತ್ತೆ ತೆಗೆದೆ. ಮೇಕೆ ಚರ್ಮದ ಅಂಗಿಯ ಭಾಗ ಬಂದಾಗ ಎದ್ದು ಅಪ್ಪನ ಹತ್ತಿರ ಹೋಗಿ ಕೂತು, ಅವನು ಚಪ್ಪಲಿ ಯಾಕೆ ಮಾಡಿಕೊಳ್ಳಲಿಲ್ಲ ಅಂತ ಕೇಳಿದೆ. ಅಪ್ಪ ರಂಪಿ ಕೆಳಗಿಟ್ಟು ನಕ್ಕ. ಮೇಕೆ ತೊಗಲು ತೆಳ್ಳಗೆ, ಮೈಗೆ ಆಗುತ್ತದೆ, ಅಂಗಾಲಿಗೆ ಆಗಲ್ಲ, ಕಲ್ಲಿನ ಮೇಲೆ ನಾಲ್ಕು ದಿನಕ್ಕೆ ತೂತು ಬೀಳುತ್ತದೆ, ಅಟ್ಟೆಗೆ ಎಮ್ಮೆ ತೊಗಲೇ ಬೇಕು, ಅಲ್ಲಿ ಎಮ್ಮೆ ಇತ್ತಾ ಅಂತ ಕೇಳಿದ. ಇಲ್ಲ ಅಂದೆ. ಮತ್ತೆ ಮೊಳೆಗೆ ಕಣ್ಣು ಇಲ್ಲವಲ್ಲ, ದಾರ ಹೇಗೆ ಪೋಣಿಸಿದ ಅಂತ ಕೇಳಿದೆ. ಅಪ್ಪ ಒಂದು ತುಂಡು ಮೇಕೆ ತೊಗಲು ತೆಗೆದು, ಆರಿ ಬಿಟ್ಟು ಮೊಳೆಯಿಂದಲೇ ಸಾಲಾಗಿ ತೂತು ಹೊಡೆದ. ಸಣ್ಣ ಬಾರು ಕೊಯ್ದು, ಅದರ ತುದಿ ಚೂಪು ಮಾಡಿ, ಒದ್ದೆ ಮಾಡಿ, ಬೆರಳಿನಿಂದ ತೂತಿನಲ್ಲಿ ತೂರಿಸಿ ಎಳೆದ. ಒಣಗಿದ ಮೇಲೆ ಅದು ಬಿಗಿಯಾಗಿ ಕೂತಿತು. ಮುನ್ನೂರು ವರ್ಷದ ಹಿಂದೆ ಪೆಸಿಫಿಕ್ ಸಾಗರದ ದ್ವೀಪದಲ್ಲಿ ಹೀಗೇ ಹೊಲಿದಿರಬೇಕು. ಆಮೇಲೆ ಅಪ್ಪ ಅವನ ಕಥೆಯನ್ನೆಲ್ಲ ಓದಿಸಿ ಕೇಳಿದ. ತಾಯಿ ಗುರುತು ಹಿಡಿದ ಭಾಗವನ್ನು ಎರಡು ಸಲ ಓದಿಸಿದ.

ಆ ಹೊಲಿದ ತುಂಡನ್ನು ಈ ಹಾಳೆಯ ಕೆಳಗೆ ಅಂಟಿಸಿದ್ದೇನೆ. ಮುಟ್ಟಿ ನೋಡಿ, ಕೀಳಬೇಡಿ.

ಸೆಲ್ಕರ್ಕ್‌ನ ಜೀವನದಿಂದ ನಾವು ಕಲಿಯುವ ನೀತಿ ಏನೆಂದರೆ, ಸಿಟ್ಟಿನಲ್ಲಿ ಮಾತು ಆಡಬಾರದು. ಮತ್ತು ಕಷ್ಟ ಬಂದಾಗ ಯಾವ ವಿದ್ಯೆ ಕೈ ಹಿಡಿಯುತ್ತದೆ ಅಂತ ಮೊದಲೇ ಹೇಳಲು ಆಗುವುದಿಲ್ಲ. ಮನೆಯಲ್ಲಿ ಕಲಿತದ್ದೂ ವಿದ್ಯೆಯೇ. ನಾನು ಚೆನ್ನಾಗಿ ಓದಿ ಬೇರೆ ಕೆಲಸಕ್ಕೆ ಹೋಗಬೇಕು ಅಂತ ಅಪ್ಪನಿಗೆ ಆಸೆ, ನನಗೂ ಆಸೆ. ಆದರೆ ನಮ್ಮಪ್ಪ ಕೂಲಿ ಮಾಡುವುದಿಲ್ಲ, ಚಪ್ಪಲಿ ಹೊಲಿಯುತ್ತಾನೆ. ಹಾಜರಿ ಪುಸ್ತಕದಲ್ಲಿ ಅದನ್ನು ತಿದ್ದಬೇಕು ಅಂತ ಮೇಷ್ಟ್ರಲ್ಲಿ ಕೇಳಿಕೊಳ್ಳುತ್ತೇನೆ.

ಈ ಭಾನುವಾರ ಸಂತೆಯಲ್ಲಿ ಹುಣಸೆ ಮರದ ಕೆಳಗೆ ನಾನೂ ಅಪ್ಪನ ಪಕ್ಕ ಕೂತಿರುತ್ತೇನೆ. ಯಾರದಾದರೂ ಚಪ್ಪಲಿಯ ಉಂಗುಷ್ಟ ಕಿತ್ತಿದ್ದರೆ ತನ್ನಿ.

ಬರಹದಲ್ಲಿ ತಪ್ಪುಗಳಿದ್ದರೆ ಗುರುಗಳು ತಿದ್ದಬೇಕು, ಗೆಳೆಯರು ಕ್ಷಮಿಸಬೇಕು.

ಬರೆದವನು: ನಿಮ್ಮ ಸಹಪಾಠಿ,
7ನೇ ತರಗತಿ, ಹಾಜರಿ ನಂಬರ್ 14